ತೆರೆಯ ಮೇಲಿನ ಮನೆ ಯಾರ ಕೃತಿ? – ಕಲಾ ನಿರ್ದೇಶಕರ ವೃತ್ತಿಜೀವನ ಮತ್ತು ಕೊಡಗಿನ ಒಂದು ಪ್ರಶ್ನೆ

1

ಕನ್ನಡ ವಿಭಾಗಗಳಲ್ಲಿ ಚಲನಚಿತ್ರವನ್ನು ಕುರಿತ ಅಧ್ಯಯನ ಈಗ ಹೊಸದೇನಲ್ಲ. ಸ್ನಾತಕೋತ್ತರ ತರಗತಿಗಳಲ್ಲಿ ಸಾಹಿತ್ಯ ಮತ್ತು ಸಿನಿಮಾದ ಸಂಬಂಧವನ್ನು ಬೋಧಿಸುತ್ತಿದ್ದೇವೆ, ಎಂ.ಫಿಲ್. ಹಾಗೂ ಪಿಎಚ್.ಡಿ. ಪದವಿಗಳಿಗಾಗಿ ಈ ಕ್ಷೇತ್ರದಲ್ಲಿ ನಿಬಂಧಗಳು ಸಿದ್ಧವಾಗಿವೆ. ಇವುಗಳಲ್ಲಿ ನಾನು ಓದಿದ, ಮೌಲ್ಯಮಾಪನ ಮಾಡಿದ ಬಹುಪಾಲು ಬರಹಗಳ ಕ್ರಮ ಒಂದೇ. ಕಾದಂಬರಿಯನ್ನು ಒಂದು ಕಡೆ, ಚಿತ್ರವನ್ನು ಮತ್ತೊಂದು ಕಡೆ ಇಟ್ಟುಕೊಂಡು ಯಾವ ಪಾತ್ರ ಉಳಿಯಿತು, ಯಾವ ಪ್ರಸಂಗ ಬಿಟ್ಟುಹೋಯಿತು, ಅಂತ್ಯ ಹೇಗೆ ಬದಲಾಯಿತು ಎಂದು ಪಟ್ಟಿ ಮಾಡುವುದು. ಆ ಪಟ್ಟಿಯ ಆಧಾರದ ಮೇಲೆ ಕಾದಂಬರಿಕಾರನಿಗೆ ನ್ಯಾಯ ಸಂದಿತೋ ಇಲ್ಲವೋ ಎಂಬ ತೀರ್ಪನ್ನು ನೀಡುವುದು. ಈ ಕ್ರಮದಿಂದ ಲಾಭವೇ ಆಗಿಲ್ಲವೆಂದು ನನ್ನ ಅಭಿಪ್ರಾಯವಲ್ಲ. ಆದರೆ ಇದರಲ್ಲಿ ಚಿತ್ರವು ಕಾದಂಬರಿಯ ಸಂಕ್ಷಿಪ್ತ ಆವೃತ್ತಿಯಾಗಿ ಮಾತ್ರ ಕಾಣಿಸುತ್ತದೆ. ತೆರೆಯ ಮೇಲೆ ನಿಜಕ್ಕೂ ಕಾಣುವ ಮನೆ, ಅಂಗಳ, ದೀಪ, ಹೊಸ್ತಿಲು, ಬಟ್ಟೆ, ಪಾತ್ರೆ ಯಾವುವೂ ಕಾಣಿಸುವುದಿಲ್ಲ.

‘ಸಂಸ್ಕಾರ’ದ ನಿದರ್ಶನವನ್ನೇ ನೋಡಬಹುದು. ಯು.ಆರ್. ಅನಂತಮೂರ್ತಿಯವರ ಕಾದಂಬರಿಯ ಬಗೆಗೆ ನಮ್ಮಲ್ಲಿ ನಡೆದಿರುವ ಚರ್ಚೆ ಅಪಾರವಾದುದು. 1970ರ ಚಿತ್ರದ ಬಗೆಗೂ ನಿರ್ದೇಶಕ ಪಟ್ಟಾಭಿರಾಮ ರೆಡ್ಡಿ, ನಟ ಗಿರೀಶ ಕಾರ್ನಾಡ, ಪಿ. ಲಂಕೇಶ್, ಆಸ್ಟ್ರೇಲಿಯಾದ ಛಾಯಾಗ್ರಾಹಕ ಟಾಮ್ ಕೋವನ್ ಇವರ ಹೆಸರುಗಳನ್ನು ನಮ್ಮ ವಿದ್ಯಾರ್ಥಿಗಳು ಹೇಳಬಲ್ಲರು. ಶೃಂಗೇರಿ ಸಮೀಪದ ಊರೊಂದನ್ನು ದೂರ್ವಾಸಪುರದ ಅಗ್ರಹಾರವನ್ನಾಗಿಸಿದ ಈ ಚಿತ್ರದ ಕಲಾ ನಿರ್ದೇಶನ ಚಿತ್ರ ಕಲಾವಿದ ಎಸ್.ಜಿ. ವಾಸುದೇವ್ ಅವರದು ಎಂಬುದನ್ನು ಎಷ್ಟು ಮಂದಿ ಹೇಳಬಲ್ಲರು? ಪ್ರಾಣೇಶಾಚಾರ್ಯರ ಮನೆಯ ಜಗುಲಿ ನಮ್ಮ ನೆನಪಿನಲ್ಲಿದೆ; ಅದನ್ನು ನಮ್ಮ ನೆನಪಿನಲ್ಲಿ ಉಳಿಯುವಂತೆ ಮಾಡಿದವರು ಇಲ್ಲ.

ಕಲಾ ನಿರ್ದೇಶಕ ಮತ್ತು ನಿರ್ಮಾಣ ನಿರ್ವಾಹಕ ಇವರಿಬ್ಬರ ವೃತ್ತಿಜೀವನವನ್ನು ನಮ್ಮ ಅಧ್ಯಯನದ ವಸ್ತುವೆಂದು ಒಪ್ಪಿಕೊಳ್ಳದೆ ಕನ್ನಡ ಚಲನಚಿತ್ರದ ಸಂಶೋಧನೆ ಪೂರ್ಣವಾಗದು. ಈ ಕೆಲಸವನ್ನು ಕೊಡಗಿನಂಥ ಜಿಲ್ಲೆಯಿಂದ ಆರಂಭಿಸುವುದು ಉಚಿತ – ಇದು ಪ್ರಸ್ತುತ ಲೇಖನದ ವಾದ.

2

ಮೊದಲು ಹೆಸರಿನ ಪ್ರಶ್ನೆ. ‘ಪ್ರೊಡಕ್ಷನ್ ಡಿಸೈನರ್’ ಎಂಬ ಪದ ಬಳಕೆಗೆ ಬಂದುದು 1939ರಲ್ಲಿ, ‘ಗಾನ್ ವಿತ್ ದಿ ವಿಂಡ್’ ಚಿತ್ರಕ್ಕಾಗಿ ವಿಲಿಯಂ ಕ್ಯಾಮರಾನ್ ಮೆಂಜೀಸ್ ಮಾಡಿದ ಕೆಲಸವನ್ನು ‘ಕಲಾ ನಿರ್ದೇಶನ’ ಎಂಬ ಹಳೆಯ ಹೆಸರು ಹಿಡಿದಿಡಲಾರದು ಎಂದು ಆ ಚಿತ್ರದ ನಿರ್ಮಾಪಕ ಸೆಲ್ಜ್‌ನಿಕ್ ಭಾವಿಸಿದಾಗ. ಒಂದು ಸೆಟ್ಟನ್ನು ಕಟ್ಟುವುದು ಬೇರೆ. ಇಡೀ ಚಿತ್ರದ ನೋಟವನ್ನು, ಅದರ ಬಣ್ಣ, ಅಳತೆ, ಕಾಲ, ವರ್ಗಗಳನ್ನು ಮೊದಲೇ ಕಲ್ಪಿಸಿ ಚಿತ್ರಿಸಿಕೊಳ್ಳುವುದು ಬೇರೆ. ನಮ್ಮ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳಲ್ಲಿಯೂ ಕಲಾ ನಿರ್ದೇಶನದ ವಿಭಾಗ ಈಚಿನ ವರ್ಷಗಳಲ್ಲಿ ಈ ಹೊಸ ಹೆಸರನ್ನು ಪಡೆದಿದೆ. ಕನ್ನಡದಲ್ಲಿ ‘ನಿರ್ಮಾಣ ವಿನ್ಯಾಸ’ ಎಂಬ ಪದವನ್ನು ಬಳಸಬಹುದಾದರೂ ಚಿತ್ರರಂಗದವರ ಬಾಯಲ್ಲಿರುವ ‘ಕಲಾ ನಿರ್ದೇಶಕ’ ಎಂಬ ಪದವನ್ನೇ ಇಲ್ಲಿ ಉಳಿಸಿಕೊಂಡಿದ್ದೇನೆ.

ನಿರ್ಮಾಣ ನಿರ್ವಾಹಕನ, ಅಂದರೆ ಎಲ್ಲರೂ ‘ಮ್ಯಾನೇಜರ್’ ಎಂದು ಕರೆಯುವವನ ಕೆಲಸ ಇದರಿಂದ ಬೇರ್ಪಡಿಸಲಾಗದಂಥದು. ಕಲಾ ನಿರ್ದೇಶಕ ಹಳೆಯ ತೊಟ್ಟಿಮನೆಯೊಂದು ಬೇಕೆಂದರೆ, ಆ ಮನೆಯನ್ನು ಹುಡುಕಿ, ಯಜಮಾನರನ್ನು ಒಪ್ಪಿಸಿ, ಬಾಡಿಗೆ ಗೊತ್ತುಮಾಡಿ, ಬಡಗಿಗಳನ್ನು ಕರೆಸಿ, ಮಳೆ ಬರುವ ಮುನ್ನ ಕೆಲಸ ಮುಗಿಸಿಸುವವನು ಈತ. ವಿನ್ಯಾಸವು ಹಣ, ಕಾಲ ಮತ್ತು ಜನರ ಮಿತಿಯೊಳಗೆ ರೂಪ ತಳೆಯುವುದು ಈತನ ಕೈಯಲ್ಲಿ. ಹಸ್ತಪ್ರತಿಶಾಸ್ತ್ರದಲ್ಲಿ ಲಿಪಿಕಾರನನ್ನು ಮರೆತು ಕವಿಯೊಬ್ಬನನ್ನೇ ಕುರಿತು ಮಾತನಾಡುವುದು ಅಸಾಧ್ಯವೆಂದು ನಾವು ಬಲ್ಲೆವು. ಚಲನಚಿತ್ರದ ವಿಷಯದಲ್ಲಿ ಮಾತ್ರ ಆ ಎಚ್ಚರವನ್ನು ಕಳೆದುಕೊಂಡಿದ್ದೇವೆ.

ಬೇರೆ ದೇಶಗಳಲ್ಲಿ ಈ ಎಚ್ಚರ ಹೇಗೆ ಸಾಂಸ್ಥಿಕ ರೂಪ ಪಡೆದಿದೆ ಎಂಬುದಕ್ಕೆ ಜೆಕ್ ದೇಶದ ಉದಾಹರಣೆ ಸಾಕು. ಅಲ್ಲಿನ ರಾಜಧಾನಿ ಪ್ರಾಗ್‌ನಲ್ಲಿ 1967ರಿಂದ ನಾಲ್ಕು ವರ್ಷಗಳಿಗೊಮ್ಮೆ ರಂಗವಿನ್ಯಾಸದ ಅಂತಾರಾಷ್ಟ್ರೀಯ ಪ್ರದರ್ಶನವನ್ನು ನಡೆಸುವ ಪರಂಪರೆಯಿದೆ. ರಂಗವಿನ್ಯಾಸಕರ ರೇಖಾಚಿತ್ರ, ಪುಟ್ಟ ಮಾದರಿ, ವಸ್ತ್ರವಿನ್ಯಾಸಗಳನ್ನು ಕಲಾಕೃತಿಗಳೆಂದೇ ಅಲ್ಲಿ ಪರಿಗಣಿಸುತ್ತಾರೆ. ಜೋಸೆಫ್ ಸ್ವೊಬೊಡಾ ಅವರಂಥ ರಂಗವಿನ್ಯಾಸಕರು ಬೆಳೆದುದು ಅಂಥ ಪರಿಸರದಲ್ಲಿ. 1984ರ ‘ಅಮೆಡಿಯಸ್’ ಚಿತ್ರದಲ್ಲಿ ಹದಿನೆಂಟನೆಯ ಶತಮಾನದ ವಿಯೆನ್ನಾ ನಗರವಾಗಿ ಕಾಣಿಸುವುದು ಬಹುಮಟ್ಟಿಗೆ ಪ್ರಾಗ್ ನಗರವೇ. ಆ ಚಿತ್ರದ ಕಲಾ ನಿರ್ದೇಶನಕ್ಕೆ ದೊರೆತ ಆಸ್ಕರ್ ಪ್ರಶಸ್ತಿಯನ್ನು ಅಮೆರಿಕದ ಪ್ಯಾಟ್ರಿಜಿಯಾ ವಾನ್ ಬ್ರಾಂಡೆನ್‌ಸ್ಟೈನ್ ಅವರೊಡನೆ ಸ್ಥಳೀಯರಾದ ಕಾರೆಲ್ ಚೆರ್ನಿ ಹಂಚಿಕೊಂಡರು. ವಸ್ತ್ರವಿನ್ಯಾಸದ ಪ್ರಶಸ್ತಿ ಥಿಯೊಡೋರ್ ಪಿಶ್ಟೆಕ್ ಅವರಿಗೆ ಸಂದಿತು. ಒಂದು ಊರು ಮತ್ತೊಂದು ಊರಾಗಿ ಕಾಣಬೇಕಾದರೆ ಆ ಊರನ್ನು ಒಳಗಿನಿಂದ ಬಲ್ಲವರ ಜ್ಞಾನ ಬೇಕಾಗುತ್ತದೆ. ಆ ಜ್ಞಾನಕ್ಕೆ ಹೆಸರೂ ಮನ್ನಣೆಯೂ ಸಲ್ಲಬೇಕಾಗುತ್ತದೆ.

3

ಕನ್ನಡದ ಮಟ್ಟಿಗೆ ಎರಡು ವೃತ್ತಿಜೀವನಗಳನ್ನು ಎದುರುಬದುರಾಗಿ ಇಟ್ಟು ನೋಡೋಣ.

ಮೊದಲನೆಯದು ಎಂ.ಎಸ್. ಸತ್ಯು ಅವರದು. 1930ರಲ್ಲಿ ಮೈಸೂರಿನಲ್ಲಿ ಜನಿಸಿದ ಇವರು 1952ರಲ್ಲಿ ವಿಜ್ಞಾನ ಪದವಿಯ ವ್ಯಾಸಂಗವನ್ನು ಅರ್ಧಕ್ಕೆ ಬಿಟ್ಟು ಕೆಲಕಾಲ ಆನಿಮೇಷನ್ ಕೆಲಸ ಮಾಡಿದರು. ಮುಂದೆ ಚೇತನ್ ಆನಂದ್ ಅವರ ಸಹಾಯಕರಾದರು. ದೆಹಲಿಯ ಹಿಂದೂಸ್ತಾನಿ ಥಿಯೇಟರ್, ಕನ್ನಡ ಭಾರತಿ ಮೊದಲಾದ ತಂಡಗಳಿಗೆ ರಂಗಸಜ್ಜಿಕೆ ಮತ್ತು ಬೆಳಕಿನ ವಿನ್ಯಾಸ ಮಾಡಿದರು. ಸ್ವತಂತ್ರ ಕಲಾ ನಿರ್ದೇಶಕರಾಗಿ ಅವರಿಗೆ ಹೆಸರು ತಂದುದು 1964ರ ‘ಹಕೀಕತ್’. ಈ ಕೆಲಸಕ್ಕಾಗಿ ಅವರು ಫಿಲ್ಮ್‌ಫೇರ್ ಪ್ರಶಸ್ತಿಯನ್ನೂ ಪಡೆದರು. ಅನಂತರ ‘ಗರ್ಮ್ ಹವಾ’, ‘ಕನ್ನೇಶ್ವರ ರಾಮ’ (1977), ‘ಚಿತೆಗೂ ಚಿಂತೆ’ (1978), ‘ಬರ’ (1982) ಇವುಗಳಿಂದ ನಿರ್ದೇಶಕರಾಗಿ ಪ್ರಸಿದ್ಧರಾದರು. ನಮ್ಮ ತರಗತಿಗಳಲ್ಲಿ ಸತ್ಯು ಎಂದರೆ ಇಷ್ಟೇ: ‘ಗರ್ಮ್ ಹವಾ’ದ ನಿರ್ದೇಶಕ, ‘ಬರ’ದ ನಿರ್ದೇಶಕ. ರಂಗಸಜ್ಜಿಕೆಯ ಹಲವು ವರ್ಷಗಳ ದುಡಿಮೆ ಅವರ ಪರಿಚಯದ ಒಂದು ಸಾಲಾಗಿ ಉಳಿದಿದೆ.

ಆದರೆ ಆ ದುಡಿಮೆಯನ್ನು ಬಿಟ್ಟು ‘ಗರ್ಮ್ ಹವಾ’ವನ್ನು ಅರ್ಥಮಾಡಿಕೊಳ್ಳುವುದು ಸಾಧ್ಯವೇ? ದೇಶವಿಭಜನೆಯ ಅನಂತರ ಆಗ್ರಾದಲ್ಲಿಯೇ ಉಳಿದ ಸಲೀಂ ಮಿರ್ಜಾನ ಕುಟುಂಬದ ಕತೆಯಿದು. ಹವೇಲಿ ಇರುವುದು ಪಾಕಿಸ್ತಾನಕ್ಕೆ ಹೋದ ಅಣ್ಣನ ಹೆಸರಿನಲ್ಲಿ. ಆದ್ದರಿಂದ ಅದು ದೇಶ ಬಿಟ್ಟವರ ಆಸ್ತಿಯಾಗಿ ಪರರ ಪಾಲಾಗುತ್ತದೆ. ಮನೆ ಬಿಡಲೊಪ್ಪದ ಮುದಿ ತಾಯಿ ಅಲ್ಲಿಯೇ ಅಡಗಿ ಕೂರುತ್ತಾಳೆ. ಕೊನೆಗಾಲದಲ್ಲಿ ಅವಳನ್ನು ಹೊತ್ತು ತಂದು ಅದೇ ಮನೆಯಲ್ಲಿ ಕಣ್ಣು ಮುಚ್ಚಲು ಬಿಡುತ್ತಾರೆ. ಇಲ್ಲಿ ಮನೆ ಕತೆಯ ಹಿನ್ನೆಲೆಯಲ್ಲ. ಮನೆಯೇ ಕತೆಯ ವಿಷಯ. ಫಿಲ್ಮ್ ಫೈನಾನ್ಸ್ ಕಾರ್ಪೊರೇಷನ್ ನೀಡಿದ ಸಣ್ಣ ಮೊತ್ತದ ಸಾಲದಲ್ಲಿ, ಆಗ್ರಾದ ಬೀದಿ ಮನೆಗಳಲ್ಲಿಯೇ ಚಿತ್ರೀಕರಿಸಿ ಇದನ್ನು ಸಾಧಿಸಿದುದು ಜಾಗವನ್ನು ಓದಬಲ್ಲ, ಇರುವುದರಲ್ಲಿ ಒದಗಿಸಿಕೊಳ್ಳಬಲ್ಲ ರಂಗವಿನ್ಯಾಸಕನ ಕಣ್ಣು. ಒಕ್ಕದ ಐನ್‌ಮನೆಯೆಂದರೆ ಯಾರೊಬ್ಬರದೂ ಅಲ್ಲದ, ಎಲ್ಲರದೂ ಆದ ಮನೆ ಎಂಬ ಭಾವನೆಯಲ್ಲಿ ಬೆಳೆದ ಕೊಡಗಿನ ವಿದ್ಯಾರ್ಥಿಗಳಿಗೆ ಈ ಚಿತ್ರವನ್ನು ತೋರಿಸಿದಾಗ ಅವರು ಮೊದಲು ಮಾತನಾಡುವುದು ವಿಭಜನೆಯ ರಾಜಕಾರಣದ ಬಗೆಗಲ್ಲ, ಆ ತಾಯಿ ಮತ್ತು ಆ ಮನೆಯ ಬಗೆಗೆ.

ಎರಡನೆಯದು ಪಿ. ಕೃಷ್ಣಮೂರ್ತಿ ಅವರ ವೃತ್ತಿಜೀವನ. ತಮಿಳುನಾಡಿನಲ್ಲಿ ಹುಟ್ಟಿ ಮದ್ರಾಸಿನ ಕಲಾಶಾಲೆಯಲ್ಲಿ ಕಲಿತ ಈ ಚಿತ್ರಕಾರರು ಚಿತ್ರರಂಗವನ್ನು ಪ್ರವೇಶಿಸಿದುದು ಕನ್ನಡದ ಬಾಗಿಲಿನಿಂದ, 1975ರಲ್ಲಿ ಜಿ.ವಿ. ಅಯ್ಯರ್ ಅವರ ‘ಹಂಸಗೀತೆ’ಯ ಮೂಲಕ. ತ.ರಾ.ಸು. ಅವರ ಕಾದಂಬರಿಯ ಚಿತ್ರದುರ್ಗ, ಅದರ ಗುಡಿ ಗುಹೆಗಳು, ಸಂಗೀತಗಾರನ ಏಕಾಂತ ಇವುಗಳಿಗೆ ದೃಶ್ಯರೂಪ ಕೊಡುವಲ್ಲಿ ಅವರ ಪಾಲಿದೆ. ಅಯ್ಯರ್ ಅವರ ‘ಆದಿ ಶಂಕರಾಚಾರ್ಯ’ (1983), ‘ಮಧ್ವಾಚಾರ್ಯ’ (1986) ಚಿತ್ರಗಳಿಗೂ ಅವರು ಕೆಲಸ ಮಾಡಿದರು. ‘ಮಧ್ವಾಚಾರ್ಯ’ಕ್ಕೆ ಕಲಾ ನಿರ್ದೇಶನದ ರಾಷ್ಟ್ರಪ್ರಶಸ್ತಿ ದೊರೆಯಿತು. ಮುಂದೆ ಮಲಯಾಳದ ‘ಒರು ವಡಕ್ಕನ್ ವೀರಗಾಥಾ’, ತಮಿಳಿನ ‘ಭಾರತಿ’ ಚಿತ್ರಗಳಿಗೆ ಕಲಾ ನಿರ್ದೇಶನ ಮತ್ತು ವಸ್ತ್ರವಿನ್ಯಾಸ ಎರಡಕ್ಕೂ ರಾಷ್ಟ್ರಪ್ರಶಸ್ತಿ ಪಡೆದರು. 2020ರ ಡಿಸೆಂಬರಿನಲ್ಲಿ ಅವರು ಚೆನ್ನೈಯಲ್ಲಿ ನಿಧನರಾದರು. ಅವರು ಕಲಾ ನಿರ್ದೇಶಕರಾಗಿಯೇ ಉಳಿದರು. ಆದ್ದರಿಂದಲೇ ನಮ್ಮ ಪಠ್ಯಗಳೊಳಗೆ ಅವರಿಗೆ ಪ್ರವೇಶ ದೊರೆಯಲಿಲ್ಲ. ಕಲಾ ನಿರ್ದೇಶಕ ನಿರ್ದೇಶಕನಾದರೆ ಅವನನ್ನು ನೆನೆಯುತ್ತೇವೆ, ಕಲಾ ನಿರ್ದೇಶಕನಾಗಿಯೇ ಉಳಿದರೆ ಮರೆಯುತ್ತೇವೆ. ಈ ಮಾತು ಕಟುವಾಗಿ ಕೇಳಿಸಬಹುದು. ಆದರೆ ಈ ಎರಡು ಜೀವನಗಳು ಹೇಳುವುದು ಇದನ್ನೇ. 1997ರ ‘ತಾಯಿ ಸಾಹೇಬ’ ಚಿತ್ರದ ಕಲಾ ನಿರ್ದೇಶನಕ್ಕಾಗಿ ರಮೇಶ್ ದೇಸಾಯಿ, ವಸ್ತ್ರವಿನ್ಯಾಸಕ್ಕಾಗಿ ವೈಶಾಲಿ ಕಾಸರವಳ್ಳಿ ರಾಷ್ಟ್ರಪ್ರಶಸ್ತಿ ಪಡೆದುದನ್ನು ಆ ಚಿತ್ರವನ್ನು ಬೋಧಿಸುವ ನಾವು ಎಷ್ಟು ಬಾರಿ ತರಗತಿಯಲ್ಲಿ ಹೇಳಿದ್ದೇವೆ?

4

ಕೊಡಗಿನ ಸಂದರ್ಭದಲ್ಲಿ ಈ ಪ್ರಶ್ನೆ ಇನ್ನೂ ತೀವ್ರವಾಗುತ್ತದೆ. ಅರ್ಧ ಶತಮಾನಕ್ಕೂ ಮಿಗಿಲಾಗಿ ಕನ್ನಡ ಚಲನಚಿತ್ರ ಕೊಡಗಿಗೆ ಬಂದುಹೋಗುತ್ತಿದೆ. 1971ರ ‘ಶರಪಂಜರ’ದಲ್ಲಿ ಮಡಿಕೇರಿಯ ಮಂಜು, ಬೆಟ್ಟಗಳು ದಾಂಪತ್ಯದ ಆರಂಭದ ಸುಖದ ಸಂಕೇತವಾದವು. ಮಡಿಕೇರಿಯ ಭಾರತೀಸುತರ ಕಾದಂಬರಿಗಳನ್ನು ಆಧರಿಸಿ ‘ಎಡಕಲ್ಲು ಗುಡ್ಡದ ಮೇಲೆ’ (1973), ‘ಗಿರಿಕನ್ಯೆ’ (1977) ಚಿತ್ರಗಳು ಬಂದವು. 2006ರ ‘ಮುಂಗಾರು ಮಳೆ’ಯ ಕತೆ ನಡೆಯುವುದು ಮಡಿಕೇರಿಯಲ್ಲಿ, ನಿವೃತ್ತ ಕರ್ನಲ್ ಒಬ್ಬರ ಮನೆಯ ಸುತ್ತ, ತೆರೆಯ ಮೇಲೆ ಕಾಣುವ ಜಾಗಗಳಲ್ಲಿ ಸಕಲೇಶಪುರದ ಕಡೆಯವೂ ಜೋಗ ಜಲಪಾತವೂ ಸೇರಿವೆ. ಇದನ್ನು ದೋಷವೆಂದು ಎಣಿಸಬೇಕಾಗಿಲ್ಲ. ಪ್ರಾಗ್ ವಿಯೆನ್ನಾ ಆಗಬಹುದಾದರೆ ಸಕಲೇಶಪುರ ಮಡಿಕೇರಿಯಾಗಬಹುದು. ಸಂಶೋಧಕರು ಕೇಳಬೇಕಾದ ಪ್ರಶ್ನೆ ಬೇರೆ: ಮಡಿಕೇರಿ ಎಂದು ಪ್ರೇಕ್ಷಕರು ನಂಬುವಂತೆ ಏನೇನನ್ನು ಆಯ್ದರು, ಏನೇನನ್ನು ಬಿಟ್ಟರು, ಆಯ್ದವರು ಯಾರು?

ಈ ಪ್ರಶ್ನೆಯನ್ನು ಇಟ್ಟುಕೊಂಡು ನೋಡಿದರೆ ಕನ್ನಡದ ಜನಪ್ರಿಯ ಚಿತ್ರಗಳಲ್ಲಿ ಕೊಡಗು ಬಹುಮಟ್ಟಿಗೆ ಹೊರಾಂಗಣವಾಗಿಯೇ ಉಳಿದಿರುವುದು ತಿಳಿಯುತ್ತದೆ: ಬೆಟ್ಟ, ಮಂಜು, ತೋಟ, ಝರಿ. ಮನೆಯ ಒಳಗು ಅಪರೂಪ. ಕೊಡವರ ಐನ್‌ಮನೆಗೆ ಕರೆದೊಯ್ಯುವ ಓಣಿ, ಜಗುಲಿಯ ಕಂಬಗಳ ನಡುವಣ ಹಲಗೆ, ತೂಗುದೀಪವಿರುವ ನಡುಮನೆ, ಹಿರಿಯರನ್ನು ನೆನೆಯುವ ಕೈಮಡ ಇವೆಲ್ಲ ಒಂದು ಕುಲದ ನೆನಪಿನ ಕ್ರಮವನ್ನು ಹೇಳುವ ರಚನೆಗಳು. ನಡಿಕೇರಿಯಂಡ ಚಿಣ್ಣಪ್ಪನವರು 1924ರಲ್ಲಿ ಪ್ರಕಟಿಸಿದ ‘ಪಟ್ಟೋಲೆ ಪಳಮೆ’ಯನ್ನು ಜಾನಪದದ ಆಕರವೆಂದು ಓದುವ ನಾವು, ಆ ಹಾಡುಗಳು ಎಲ್ಲಿ, ಯಾವ ದೀಪದ ಮುಂದೆ ನಡೆಯುತ್ತವೆ ಎಂಬುದನ್ನೂ ಗಮನಿಸಬೇಕಾಗುತ್ತದೆ. ಕೊಡವ ಭಾಷೆಯ ಮೊದಲ ಚಿತ್ರ ‘ನಾಡ ಮಣ್ಣ್ ನಾಡ ಕೂಳ್’ 1972ರಲ್ಲಿ ಬಂದಿತು. ಹೊರಗಿನಿಂದ ಬಂದ ತಂಡದ ಕೊಡಗು ಮತ್ತು ಒಳಗಿನವರ ಭಾಷೆಯ ಚಿತ್ರದ ಕೊಡಗು ಇವೆರಡರ ಒಳಾಂಗಣವನ್ನು ಹೋಲಿಸುವುದು ಒಳ್ಳೆಯ ಸಂಶೋಧನಾ ವಿಷಯವಾಗಬಲ್ಲದು. ಕೊಡಗೆಂದರೆ ಕೊಡವರಷ್ಟೇ ಅಲ್ಲ ಎಂಬುದನ್ನೂ ಇದರೊಡನೆ ಹೇಳಬೇಕು. ಅರೆಭಾಷೆ ಗೌಡರ ಮನೆ, ಯರವರ ಹಾಡಿ, ತೋಟದ ಕೂಲಿಕಾರರ ಲೈನ್‌ಮನೆ ಇವೂ ಇಲ್ಲಿಯ ಒಳಾಂಗಣಗಳೇ. ತೋಟದ ಬಂಗಲೆಯನ್ನು ಚೆನ್ನಾಗಿ ತೋರಿಸಿ ಲೈನ್‌ಮನೆಯನ್ನು ತೆರೆಯ ಅಂಚಿನಾಚೆ ಇಡುವುದೂ ಒಂದು ವಿನ್ಯಾಸದ ತೀರ್ಮಾನ; ಅದಕ್ಕೊಂದು ಸಾಮಾಜಿಕ ಅರ್ಥವಿದೆ.

ಈ ಬಗೆಯ ಓದು ನಮ್ಮ ಸಾಹಿತ್ಯದ ಓದನ್ನೂ ಹರಿತಗೊಳಿಸುತ್ತದೆ. ಮಾಸ್ತಿಯವರ ‘ಚಿಕವೀರ ರಾಜೇಂದ್ರ’ವನ್ನು ಬೋಧಿಸುವಾಗ ಒಮ್ಮೆ ವಿದ್ಯಾರ್ಥಿಗಳಿಗೆ ಹೇಳಿದೆ: ನೀವು ಈ ಕಾದಂಬರಿಯ ಚಿತ್ರಕ್ಕೆ ಕಲಾ ನಿರ್ದೇಶಕರೆಂದು ಭಾವಿಸಿ, ಮಡಿಕೇರಿಯ ಅರಮನೆಯನ್ನು 1834ಕ್ಕೆ ಹಿಂದಿನ ಸ್ಥಿತಿಯಲ್ಲಿ ತೋರಿಸಿ. ಅವರು ಕೋಟೆಗೆ ಹೋಗಿ ಬಂದರು. ಈಗ ನಿಂತಿರುವ ಅರಮನೆ ಲಿಂಗರಾಜೇಂದ್ರನ ಕಾಲದಲ್ಲಿ, 1812ರಿಂದ 1814ರ ನಡುವೆ, ಇಟ್ಟಿಗೆ ಗಾರೆಗಳಲ್ಲಿ ಪುನಃ ಕಟ್ಟಿದ್ದು. ಆದ್ದರಿಂದ ಚಿಕವೀರನ ಕಾಲಕ್ಕೆ ಅದು ಹಳೆಯ ಕಟ್ಟಡವೇ ಅಲ್ಲ, ತಂದೆ ಕಟ್ಟಿಸಿದ ಹೊಸ ಮನೆ. ಗಡಿಯಾರದ ಗೋಪುರ ಮತ್ತು ಮುಂಭಾಗದ ಪೋರ್ಟಿಕೊ 1933ರಲ್ಲಿ ಸೇರಿದವು, ಅವನ್ನು ಮರೆಮಾಡಬೇಕು. ಕೋಟೆಯೊಳಗಿನ ಚರ್ಚು ಬ್ರಿಟಿಷರು ಬಂದ ಮೇಲಿನದು, ಅದೂ ಕಾಣಬಾರದು. ರಾಜನ ಕೋಣೆಯಲ್ಲಿ ಯಾವ ದೀಪ, ಯಾವ ಮಂಚ, ಹೊರಗೆ ಕಾಯುವವರು ಎಷ್ಟು ದೂರದಲ್ಲಿ ನಿಲ್ಲಬೇಕು ಎಂಬ ಪ್ರಶ್ನೆಗಳು ಎದ್ದಾಗ ಅವರು ಮತ್ತೆ ಕಾದಂಬರಿಗೆ ಮರಳಿದರು. ಪಾತ್ರಚಿತ್ರಣದ ಪ್ರಶ್ನೋತ್ತರ ಬರೆದು ಮುಗಿಸುತ್ತಿದ್ದವರು ಆ ಪುಸ್ತಕವನ್ನು ಎರಡನೆಯ ಸಲ ಓದಿದುದನ್ನು ನಾನು ಕಂಡದ್ದು ಆಗಲೇ.

5

ಇಲ್ಲಿ ನನ್ನದೇ ಒಂದು ತಪ್ಪನ್ನು ದಾಖಲಿಸಬೇಕಾಗಿದೆ. ಹಲವು ವರ್ಷಗಳ ಹಿಂದೆ ಸ್ನಾತಕೋತ್ತರ ವಿದ್ಯಾರ್ಥಿನಿಯೊಬ್ಬಳು ಕಿರುನಿಬಂಧಕ್ಕಾಗಿ ಒಂದು ವಿಷಯ ತಂದಳು. ಅವಳ ತಾತನವರ ಮನೆಯಲ್ಲಿ ಹಿಂದೆ ಚಿತ್ರತಂಡವೊಂದು ಕೆಲದಿನ ಚಿತ್ರೀಕರಣ ನಡೆಸಿತ್ತು. ತಂಡದ ಮ್ಯಾನೇಜರ್ ಜತೆಗಿನ ವ್ಯವಹಾರವನ್ನೆಲ್ಲ ತಾತ ಒಂದು ನೋಟುಬುಕ್ಕಿನಲ್ಲಿ ಬರೆದಿಟ್ಟಿದ್ದರು: ಎರವಲು ಕೊಟ್ಟ ಹಿತ್ತಾಳೆ ದೀಪ, ಕುರ್ಚಿ, ಚೆಂಬುಗಳ ಪಟ್ಟಿ, ಬಡಗಿಗೆ ಕೊಟ್ಟ ಕೂಲಿ, ಗೋಡೆಗೆ ಬಳಿಸಿದ ಬಣ್ಣ, ತಂಡದವರು ತೆಗೆದು ಬೇರೆ ಕಡೆ ಇಟ್ಟ ಫೋಟೋಗಳು. ಆ ನೋಟುಬುಕ್ಕನ್ನು ಆಧರಿಸಿ ಬರೆಯುತ್ತೇನೆ ಎಂದಳು. ಇದು ಸಾಹಿತ್ಯದ ವಿಷಯವಲ್ಲ ಎಂದು ನಾನು ಹೇಳಿದೆ. ಅವಳು ಒಂದು ಕಾದಂಬರಿ ಮತ್ತು ಅದರ ಚಿತ್ರರೂಪದ ಹೋಲಿಕೆಯನ್ನು ಬರೆದು ಒಳ್ಳೆಯ ಅಂಕ ಪಡೆದಳು. 2018ರ ಆಗಸ್ಟಿನ ಮಳೆ, ಭೂಕುಸಿತಗಳಲ್ಲಿ ಆ ಮನೆಯ ಹಿಂಭಾಗ ಕುಸಿಯಿತು. ನೋಟುಬುಕ್ಕು ಏನಾಯಿತೆಂದು ಕೇಳಲು ಹೋದಾಗ, ಅದನ್ನು ಯಾರೂ ಹುಡುಕಲಿಲ್ಲ ಸಾರ್, ಹುಡುಕಬೇಕಾದ ವಸ್ತು ಎಂದು ನಮಗೆ ಗೊತ್ತಿರಲಿಲ್ಲ ಎಂದಳು. ಗೊತ್ತಿರಲಿಲ್ಲವೆಂದು ಹೇಳಿದ್ದು ಅವಳು. ಹಾಗೆ ಕಲಿಸಿದ್ದು ನಾನು.

ಕನ್ನಡ ವಿಭಾಗದ ಕೆಲಸ ಭಾಷೆ ಸಾಹಿತ್ಯಗಳು, ಬಡಗಿಯ ಲೆಕ್ಕವಲ್ಲ ಎಂಬ ಆಕ್ಷೇಪವನ್ನು ಈಗಲೂ ಎತ್ತುವವರಿದ್ದಾರೆ. ಅವರ ಆತಂಕ ನಿರಾಧಾರವಲ್ಲ. ಎಲ್ಲವನ್ನೂ ಒಳಗೊಳ್ಳಹೊರಟ ವಿಭಾಗ ಯಾವುದನ್ನೂ ಆಳವಾಗಿ ಕಲಿಸಲಾರದು. ಆದರೆ ನಮ್ಮ ಶಿಸ್ತಿನ ಚರಿತ್ರೆಯೇ ಈ ಆಕ್ಷೇಪಕ್ಕೆ ಉತ್ತರ ಹೇಳುತ್ತದೆ. ದಾನ, ತೆರಿಗೆ, ಗಡಿ, ಅಳತೆಗಳ ವಿವರವನ್ನೇ ಹೇಳುವ ಶಾಸನಗಳನ್ನು ನಾವು ನಮ್ಮ ಆಕರಗಳೆಂದು ಒಪ್ಪಿ ಶತಮಾನ ಮೀರಿದೆ. ಜನಪದರ ಉಪಕರಣ, ಮನೆ, ಉಡುಗೆಗಳನ್ನು ಭೌತಿಕ ಸಂಸ್ಕೃತಿಯೆಂದು ಅಧ್ಯಯನ ಮಾಡುತ್ತಿದ್ದೇವೆ. ಹಳ್ಳಿಯ ಮರದ ಕೊಳಗ ವಸ್ತುಸಂಗ್ರಹಾಲಯದಲ್ಲಿ ಇಡಲು ಅರ್ಹವಾದರೆ, ಅದೇ ಕೊಳಗವನ್ನು ಚಿತ್ರವೊಂದಕ್ಕಾಗಿ ಯಾರು, ಏಕೆ ಆಯ್ದರು ಎಂಬ ದಾಖಲೆ ಅನರ್ಹವಾಗುವುದು ಹೇಗೆ? ಅಲ್ಲದೆ ಇದು ಭಾಷೆಯ ಕೆಲಸವೂ ಹೌದು. ಮನೆಯ ಭಾಗಗಳ, ಮರಗೆಲಸದ, ಪಾತ್ರೆಪಡಗಗಳ ಎಷ್ಟೋ ಪದಗಳು ಉಳಿದಿರುವುದು ಈ ಕಸುಬುದಾರರ ಬಾಯಲ್ಲಿ ಮತ್ತು ಇಂಥ ಪಟ್ಟಿಗಳಲ್ಲಿ.

ಆದ್ದರಿಂದ ಮೂರು ಸಣ್ಣ ಕೆಲಸಗಳನ್ನು ಸೂಚಿಸುತ್ತೇನೆ. ಒಂದು, ನಮ್ಮ ವಿಭಾಗಗಳಲ್ಲಿ ಚಲನಚಿತ್ರವನ್ನು ಕುರಿತು ಬರೆಯುವ ಯಾವುದೇ ನಿಬಂಧದಲ್ಲಿ ಕಲಾ ನಿರ್ದೇಶಕ, ವಸ್ತ್ರವಿನ್ಯಾಸಕ, ನಿರ್ಮಾಣ ನಿರ್ವಾಹಕರ ಹೆಸರನ್ನು ಶೀರ್ಷಿಕೆ ಪಟ್ಟಿಯಿಂದ ಬರೆದುಕೊಳ್ಳುವುದನ್ನು ಕಡ್ಡಾಯ ಮಾಡಬೇಕು. ಎರಡು, ಪ್ರತಿ ಜಿಲ್ಲೆಯಲ್ಲಿಯೂ ಚಿತ್ರೀಕರಣಕ್ಕೆ ಮನೆ ಕೊಟ್ಟವರು, ಸ್ಥಳ ತೋರಿಸಿದವರು, ಕೆಲಸ ಮಾಡಿದ ಬಡಗಿಗಳು, ವಯಸ್ಸಾದ ಮ್ಯಾನೇಜರುಗಳು ಇವರ ಮಾತುಗಳನ್ನು ಅವರ ಒಪ್ಪಿಗೆಯೊಡನೆ ಧ್ವನಿಮುದ್ರಿಸಿಕೊಳ್ಳಬೇಕು. ರೇಖಾಚಿತ್ರ, ಸಾಮಾನಿನ ಪಟ್ಟಿ, ರಸೀದಿಗಳ ಪ್ರತಿ ತೆಗೆದಿಡಬೇಕು. ಮೂಲ ದಾಖಲೆ ಮನೆಯವರಲ್ಲಿಯೇ ಉಳಿಯಲಿ; ಪ್ರತಿ ವಿಭಾಗದ ಗ್ರಂಥಾಲಯದಲ್ಲಿರಲಿ. ಮೂರು, ಸಾಹಿತ್ಯ ಮತ್ತು ಸಿನಿಮಾವನ್ನು ಬೋಧಿಸುವಲ್ಲಿ ಸ್ಥಳವಿನ್ಯಾಸಕ್ಕೆ ಒಂದು ಘಟಕವಾದರೂ ಇರಬೇಕು. ಇವುಗಳಿಗೆ ದೊಡ್ಡ ಅನುದಾನ ಬೇಕಾಗಿಲ್ಲ. ವಿಷಯವನ್ನು ಒಪ್ಪಿಕೊಳ್ಳುವ ಮಾರ್ಗದರ್ಶಕರು ಬೇಕು.

ಬಿ.ಎಲ್. ರೈಸ್ ಅವರು ಎಪಿಗ್ರಾಫಿಯಾ ಕರ್ನಾಟಿಕದ ಮೊದಲ ಸಂಪುಟವನ್ನು 1886ರಲ್ಲಿ ಹೊರತಂದಾಗ ಅದು ಕೊಡಗಿನ ಶಾಸನಗಳ ಸಂಪುಟವಾಗಿತ್ತು. ಕಲ್ಲಿನ ಮೇಲಿನ ಅಕ್ಷರಗಳು ನಮಗಾಗಿ ಶತಮಾನಗಳ ಕಾಲ ಕಾದವು. ಮ್ಯಾನೇಜರನ ಲೆಕ್ಕದ ಪುಸ್ತಕ, ಕಲಾ ನಿರ್ದೇಶಕನ ಪೆನ್ಸಿಲ್ ಚಿತ್ರ ಅಷ್ಟು ಕಾಲ ಕಾಯಲಾರವು. ಒಂದು ಮಳೆಗಾಲ ಸಾಕು. ಮುಂದಿನ ವರ್ಷ ಇಂಥ ನೋಟುಬುಕ್ಕನ್ನು ಹಿಡಿದು ನಮ್ಮ ಬಾಗಿಲಿಗೆ ಬರುವ ವಿದ್ಯಾರ್ಥಿಯನ್ನು ನಾವು ಹಿಂದಕ್ಕೆ ಕಳುಹಿಸದಿರೋಣ.